ಅಷ್ಟೋತ್ತರ ತಂಬುಳಿಯೂ ನನ್ನ ಪ್ರಿಂಟರೂ

"ಈ ಮನೆಯ ಪ್ರಿಂಟರನ್ನು ಕೂರಿಸಲು ಹೊರಗಿನ ನರಪಿಳ್ಳೆಯೂ ಹೊಸ್ತಿಲು ತುಳಿಯಬೇಕಾಗಿಲ್ಲ!"

ಎರಡು ಸಾವಿರದ ಆರನೇ ಇಸವಿ ಜನವರಿಯ ಒಂದು ರವಿವಾರ ಬೆಳಿಗ್ಗೆ, ಎರಡನೇ ಲೋಟ ಚಾ ಕೈಯಲ್ಲಿ ಹಿಡಿದು ಹೀಗೆಂದು ಘೋಷಿಸಿದ ವೀರಾಧಿವೀರ ನಾನೇ. ಘೋಷಣೆ ಕೇಳಲು ಕೋಣೆಯಲ್ಲಿದ್ದವರು ಇಬ್ಬರು. ಒಬ್ಬಳು ನನ್ನ ಹೆಂಡತಿ ವೇದಾ. ಇನ್ನೊಂದು ಪ್ರಿಂಟರು. ಇಬ್ಬರೂ ಹಾಂ ಅನ್ನಲಿಲ್ಲ, ಹೂಂ ಅನ್ನಲಿಲ್ಲ. ಅದನ್ನೇ ಸಮ್ಮತಿ ಎಂದು ನಾನು ತಿಳಿದುಕೊಂಡೆ. ಮದುವೆಯಾದಾಗಿನಿಂದ ನಾನು ಸಮ್ಮತಿ ಪಡೆಯುವ ಕ್ರಮವೇ ಅದು.

ನಾನು ಶಿರಸಿಯ ಒಂದು ಹೈಸ್ಕೂಲಿನಲ್ಲಿ ಗಣಿತದ ಮಾಸ್ತರ. ಅದಕ್ಕೂ ಎರಡು ವರ್ಷ ಮೊದಲು ಧಾರವಾಡದಲ್ಲಿ ಹತ್ತು ದಿನದ ಕಂಪ್ಯೂಟರ್ ತರಬೇತಿಗೆ ಹೋಗಿದ್ದೆ. ಬರುವಾಗ ಒಂದು ಸಿ.ಡಿ.ಯನ್ನೂ ಒಂದು ಮೂಟೆ ಅಹಂಕಾರವನ್ನೂ ಹೊತ್ತು ತಂದೆ. ಸಿ.ಡಿ.ಯಲ್ಲಿ ಇದ್ದದ್ದು ಲಿನಕ್ಸ್. ಯಾರಪ್ಪನ ಸ್ವತ್ತೂ ಅಲ್ಲದ, ಜಗತ್ತಿನವರೆಲ್ಲ ಸೇರಿ ಕಟ್ಟಿದ, ಪುಕ್ಕಟೆಯಾಗಿ ಹಂಚುವ ಆಪರೇಟಿಂಗ್ ಸಿಸ್ಟಮ್! ಊರಿನವರೆಲ್ಲ ವಿಂಡೋಸ್ ಎಂಬ ಕಿಟಕಿಯಲ್ಲಿ ಇಣುಕುತ್ತಿರುವಾಗ ನಾನೊಬ್ಬ ಕಿಟಕಿ ಕಿತ್ತೊಗೆದು ಬಾಗಿಲನ್ನೇ ತೆರೆದಿದ್ದೆ. ಈ ಮಾತನ್ನು ಸ್ಟಾಫ್ ರೂಮಿನಲ್ಲಿ ಎಷ್ಟು ಸಲ ಹೇಳಿದೆನೆಂದರೆ, ನಾನು ಒಳಗೆ ಬಂದ ಕೂಡಲೇ ಸಹೋದ್ಯೋಗಿಗಳು ಹೊರಗೆ ಹೋಗಲು ಬಾಗಿಲನ್ನೇ ಹುಡುಕುತ್ತಿದ್ದರು.

ಆದರೆ ಆ ಕಂಪ್ಯೂಟರಿನಲ್ಲಿ ನಿಜವಾದ ಕೆಲಸ ಮಾಡಿದವಳು ವೇದಾ. ಅವಳ ತಾಯಿಯ ಅಕ್ಕ, ಅಂದರೆ ದೊಡ್ಡಾಯಿ, ಗೌರಕ್ಕ ಸಿದ್ದಾಪುರದಲ್ಲಿದ್ದರು. ವಯಸ್ಸು ಎಂಬತ್ತಮೂರು, ನಾಲಿಗೆಗೆ ಇಪ್ಪತ್ತಮೂರು. ತಂಬುಳಿಯ ವಿಷಯದಲ್ಲಿ ಆಕೆಯನ್ನು ಮೀರಿಸುವವರು ಮೂರು ತಾಲೂಕಿನಲ್ಲಿ ಇರಲಿಲ್ಲ. ಕೈಗೆ ಸಿಕ್ಕ ಸೊಪ್ಪೋ ಕುಡಿಯೋ ಹೂವೋ, ತುಪ್ಪದಲ್ಲಿ ಬಾಡಿಸಿ, ಕಾಯಿ ಜೊತೆ ಬೀಸಿ, ಮಜ್ಜಿಗೆಗೆ ಕದಡಿ ಒಂದು ಒಗ್ಗರಣೆ ಕೊಟ್ಟರೆ ತಂಬುಳಿ. ಹೇಳಲು ಇಷ್ಟೇ. ಆದರೆ ಯಾವ ಸೊಪ್ಪಿಗೆ ಕಾಳುಮೆಣಸು, ಯಾವುದಕ್ಕೆ ಜೀರಿಗೆ, ಯಾವ ಕುಡಿಯನ್ನು ಸುಟ್ಟು ಬೀಸಬೇಕು, ಯಾವುದನ್ನು ಬಾಣಂತಿಗೆ ಹಾಕಬಾರದು ಎಂಬುದೆಲ್ಲ ಗೌರಕ್ಕನ ತಲೆಯಲ್ಲಿ ಮಾತ್ರ ಇತ್ತು. ಒಂದೆಲಗ, ದೊಡ್ಡಪತ್ರೆ ಎಲ್ಲರಿಗೂ ಗೊತ್ತು. ನೆಕ್ಕರಿಕದ ಕುಡಿ, ಎಲವರಿಗೆ, ಕೊಡಸಿಗೆ ಹೂವು ಇವುಗಳ ಹದ ಬಲ್ಲವರು ಎಷ್ಟು ಜನ?

ವೇದಾ ಮೇ ತಿಂಗಳಿಂದ ಡಿಸೆಂಬರಿನ ತನಕ, ಹದಿನೈದು ದಿನಕ್ಕೊಮ್ಮೆ ಸಿದ್ದಾಪುರದ ಬಸ್ಸು ಹತ್ತಿದಳು. ಗೌರಕ್ಕ ಹೇಳಿದ್ದನ್ನು ಹಳೇ ಕ್ಯಾಲೆಂಡರಿನ ಹಾಳೆಗಳ ಹಿಂಬದಿಯಲ್ಲಿ ಗೀಚಿಕೊಂಡು ಬಂದು, ಒಂದೊಂದೇ ಬೆರಳಿನಲ್ಲಿ ಕನ್ನಡ ಒತ್ತಿ ಕಂಪ್ಯೂಟರಿಗೆ ಏರಿಸಿದಳು. ನೂರಾ ಎಂಟು ಆಗುವವರೆಗೆ ಬಿಡಲಿಲ್ಲ. 'ಅಷ್ಟೋತ್ತರ ತಂಬುಳಿ' ಎಂದು ಹೆಸರನ್ನೂ ಇಟ್ಟಳು. ಮುಂದಿನ ರವಿವಾರ ಯಲ್ಲಾಪುರದಲ್ಲಿ ಮಹಿಳಾ ಮಂಡಳದ ವಾರ್ಷಿಕೋತ್ಸವ, ಅಲ್ಲಿ ಗೌರಕ್ಕನಿಗೆ ಸನ್ಮಾನ, ಬಂದವರಿಗೆಲ್ಲ ಆ ಪುಸ್ತಕ. ನಾವು ಒಂದು ಪ್ರತಿ ಪ್ರಿಂಟ್ ತೆಗೆದರೆ ಸಾಕು, ಉಳಿದದ್ದನ್ನು ಝೆರಾಕ್ಸ್ ಮಾಡಿಸುವುದು ಎಂದು ತೀರ್ಮಾನವಾಗಿತ್ತು.

ಗೌರಕ್ಕ ದಿನಕ್ಕೊಮ್ಮೆ ಫೋನು ಮಾಡುತ್ತಿದ್ದರು. "ಕೂಸೇ, ನನ್ನ ಹೆಸರು ಅಚ್ಚಲ್ಲಿ ಬತ್ತು ಹೇಳಿದ್ಯಲೇ, ಹೌದನೇ?"

"ಹೌದು ದೊಡ್ಡಾಯಿ. ಮೊದಲನೇ ಪುಟದಲ್ಲೇ ಬತ್ತು."

"ಸಣ್ಣ ಮಾಣಿ ಮದ್ವೆ ಕಾಗದದಲ್ಲಿ ಒಂದ್ಸಲ ಬಂದಿತ್ತು. ಅದ್ರಲ್ಲೂ ತಪ್ಪು ಹಾಕಿದಿದ್ದ!"

ಎಂಬತ್ತಮೂರು ವರ್ಷದ ಬದುಕಿನಲ್ಲಿ ತನ್ನ ಹೆಸರನ್ನು ಒಮ್ಮೆ ಸರಿಯಾಗಿ ಅಚ್ಚಿನಲ್ಲಿ ನೋಡಬೇಕೆಂಬುದು ಆ ಮುದುಕಿಯ ಆಸೆ. ಅದನ್ನು ನಡೆಸಿಕೊಡಬೇಕೆಂಬುದು ವೇದಾಳ ಆಸೆ. ಪ್ರಿಂಟರನ್ನು ನಾನೇ ಕೂರಿಸಬೇಕೆಂಬುದು ನನ್ನ ಆಸೆ. ಮೂರರಲ್ಲಿ ಮೊದಲು ಈಡೇರಿದ್ದು ನನ್ನದು, ಅದೂ ಉಳಿದೆರಡಕ್ಕೆ ಕಲ್ಲು ಹಾಕಿ. ಅದಕ್ಕಾಗಿ ಇವತ್ತಿಗೂ ನನಗೆ ನಾಚಿಕೆಯಾಗುತ್ತದೆ.

ಪ್ರಿಂಟರು ಕಾರವಾರಕ್ಕೆ ವರ್ಗವಾಗಿ ಹೋದ ಸಹೋದ್ಯೋಗಿಯೊಬ್ಬರು ಬಿಟ್ಟುಹೋದದ್ದು. ನೋಡಲು ಗಟ್ಟಿಮುಟ್ಟಾಗಿತ್ತು. ವೇದಾ ಅದನ್ನೂ ನನ್ನನ್ನೂ ಒಮ್ಮೆ ನೋಡಿ ಹೇಳಿದಳು:

"ಪೇಟೆಯಲ್ಲಿ ಪ್ರಿಂಟ್ ತೆಗೆದುಕೊಡವು ಇದ್ವಲಾ. ಪೆನ್ ಡ್ರೈವಲ್ಲಿ ಹಾಕಿ ಕೊಟ್ರೆ ಆಗ್ತಿಲ್ಯಾ?"

"ಅವರ ಯಂತ್ರಕ್ಕೆ ನಮ್ಮ ಅಕ್ಷರ ಓದಲೆ ಬತ್ತಿಲ್ಲೆ. ಒತ್ತಕ್ಷರ ಎಲ್ಲ ಒಂದರ ಮೇಲೊಂದು ಬೀಳ್ತು."

"ಹಂಗಾರೆ ಒಂದು ಪ್ರತಿನಾದ್ರೂ ಬೇರೆ ಕಡೆ ತೆಗೆದು ಇಟ್ಕಂಬನ."

"ನನ್ನ ಮೇಲೆ ನಂಬಿಕೆ ಇಲ್ಯಾ ನಿಂಗೆ?"

"ನಿಂಗಳ ಮೇಲೆ ಇದ್ದು. ಆ ಡಬ್ಬಿ ಮೇಲೆ ಇಲ್ಲೆ."

ಪುಣ್ಯಾತ್ಗಿತ್ತಿ ಉಲ್ಟಾ ಹೇಳಿದ್ದಳು. ಡಬ್ಬಿ ಕೊನೆಯವರೆಗೂ ನಂಬಿಕೆಗೆ ಯೋಗ್ಯವಾಗಿಯೇ ಇತ್ತು, ಹೇಳಿದ್ದನ್ನು ಹೇಳಿದ ಹಾಗೆ ಮಾಡಿತು. ಹೇಳುವವನು ನಾನಾಗಿದ್ದೆ ಎಂಬುದಷ್ಟೇ ತೊಂದರೆ. ಇನ್ನೊಂದು ತಪ್ಪನ್ನೂ ಇಲ್ಲಿಯೇ ಒಪ್ಪಿಬಿಡುತ್ತೇನೆ. ಕ್ಯಾಲೆಂಡರ್ ಹಾಳೆಯ ಆ ಚೀಟಿಗಳನ್ನು ಅವಳು ಒಂದು ರಟ್ಟಿನ ಪೆಟ್ಟಿಗೆಯಲ್ಲಿ ಜೋಪಾನ ಮಾಡಿಟ್ಟಿದ್ದಳು. "ಕಂಪ್ಯೂಟರಿಗೆ ಏರಿದ ಮೇಲೆ ಈ ಕಸ ಎಂತಕ್ಕೆ?" ಎಂದು ಡಿಸೆಂಬರಿನಲ್ಲಿ ಅವನ್ನೆಲ್ಲ ಬಚ್ಚಲ ಒಲೆಗೆ ಹಾಕಿಸಿದವನು ನಾನು. ಆ ದಿನ ಸ್ನಾನದ ನೀರು ಚೆನ್ನಾಗಿ ಕಾದಿತ್ತು ಎಂದು ಬೇರೆ ಹೇಳಿದ್ದೆ!

ಇರಲಿ, ರಣರಂಗಕ್ಕೆ ಬರೋಣ. ಪ್ರಿಂಟರಿನ ವೈರು ಚುಚ್ಚಿದೆ. ಪರದೆಯ ಮೇಲೆ ಕಂಪನಿಗಳ ಹೆಸರುಗಳ ದೊಡ್ಡ ಪಟ್ಟಿ ಬಂತು. ಒಂದೊಂದು ಕಂಪನಿಗೆ ನೂರಾರು ಮಾದರಿ. ನಮ್ಮದರ ಹೆಸರು ಮಾತ್ರ ಇಲ್ಲ. ನಮ್ಮದಕ್ಕೆ ಅತಿ ಹತ್ತಿರದ ಸಂಖ್ಯೆಯ ಒಂದನ್ನು ದಾಯಾದಿಯಿರಬೇಕು ಎಂದು ಆರಿಸಿದೆ. ವೇದಾಳ ಹೆಸರಿನಲ್ಲಿ ಕಂಪ್ಯೂಟರಿನೊಳಗೆ ಅವಳದೇ ಖಾತೆ ಇತ್ತು. ಅದರೊಳಗೆ ಹೋಗಿ ಪುಸ್ತಕ ತೆರೆದು ಪ್ರಿಂಟ್ ಒತ್ತಿದೆ. ಹಾಳೆ ಹಾಳಾಗದಿರಲಿ ಎಂದು ಮೊದಲನೇ ಪುಟ ಮಾತ್ರ ಬರುವಂತೆ ಹೇಳಿದೆ.

ಪ್ರಿಂಟರಿನಲ್ಲಿ ಒಂದು ಹಸಿರು ದೀಪ ಮಿಣುಕಿತು. ಅಷ್ಟೇ.

ಮತ್ತೆ ಒತ್ತಿದೆ. ಮಿಣುಕಿತು. ಸ್ವಲ್ಪ ಜೋರಾಗಿ ಒತ್ತಿದೆ. ಜೋರಾಗಿ ಒತ್ತಿದರೆ ಪ್ರಿಂಟ್ ಜೋರಾಗಿ ಬರುವುದಿಲ್ಲ ಎಂದು ಮಕ್ಕಳಿಗೆ ಬೈಯುವ ಮಾಸ್ತರ ನಾನು! ಒಟ್ಟು ಏಳು ಸಲ ಒತ್ತಿದೆ. ಏಳು ಸಲವೂ ದೀಪ. ಆರಿಸಿ ಹಚ್ಚಿದೆ, ವೈರು ಕಿತ್ತು ಊದಿ ಚುಚ್ಚಿದೆ, ಪರದೆಯ ಮೇಲೆ ಕಂಡ ಗುಂಡಿಗಳನ್ನೆಲ್ಲ ಒಂದು ಸುತ್ತು ಒತ್ತಿ ಬಂದೆ. ಹನ್ನೊಂದು ಗಂಟೆಯಾಯಿತು.

"ಎಂತಾತು?" ಎಂದಳು ವೇದಾ ಅಡಿಗೆಮನೆಯಿಂದ.

"ಆಗ್ತಾ ಇದ್ದು."

"ಸದ್ದೇ ಇಲ್ಲೆ?"

"ಒಳಗಿಂದೊಳಗೆ ಆಗ್ತಾ ಇದ್ದು!"

ಕಡೆಗೆ ಹಾವೇರಿಯ ಚನ್ನಯ್ಯನವರಿಗೆ ಫೋನು ಮಾಡುವುದೆಂದು ನಿಶ್ಚಯಿಸಿದೆ. ಸಹಾಯ ಕೇಳಲು ಖಂಡಿತ ಅಲ್ಲ, ವಿಚಾರ ವಿನಿಮಯಕ್ಕೆ! ಚನ್ನಯ್ಯ ಧಾರವಾಡದ ತರಬೇತಿಯಲ್ಲಿ ನಮಗೆ ಲಿನಕ್ಸ್ ಕಲಿಸಿದವರು, ಬಹಳ ಸಜ್ಜನ. ನಮ್ಮ ಮನೆಯಲ್ಲಿ ಫೋನು ಹೊರಗಿನ ಕೋಣೆಯಲ್ಲಿ, ಕಂಪ್ಯೂಟರು ಒಳಗಿನ ಕೋಣೆಯಲ್ಲಿ. ರಿಸೀವರಿನ ಸುರುಳಿ ವೈರನ್ನು ಎಷ್ಟು ಎಳೆದರೂ ಒಳಕೋಣೆಯ ಹೊಸ್ತಿಲಿನ ತನಕ ಮಾತ್ರ ಬರುತ್ತಿತ್ತು. ಹಾಗಾಗಿ ವೇದಾ ಹೊಸ್ತಿಲಲ್ಲಿ ರಿಸೀವರ್ ಹಿಡಿದು ನಿಂತಳು, ನಾನು ಕಂಪ್ಯೂಟರಿನ ಮುಂದೆ ಕೂತೆ. ಚನ್ನಯ್ಯ ಹೇಳಿದ್ದು ವೇದಾಳ ಕಿವಿಗೆ, ವೇದಾ ಹೇಳಿದ್ದು ನನ್ನ ಕಿವಿಗೆ. ವೇದಾ ಅವರ ಹತ್ತಿರ ಪೇಟೆಯ ಕನ್ನಡದಲ್ಲಿಯೂ ನನ್ನ ಹತ್ತಿರ ಮನೆ ಮಾತಿನಲ್ಲಿಯೂ ಆಡುತ್ತಿದ್ದಳು. ಇದನ್ನು ದಯವಿಟ್ಟು ನೆನಪಿಟ್ಟುಕೊಳ್ಳಿ. ನನ್ನ ಸರ್ವನಾಶ ಇದರಲ್ಲಿಯೇ ಅಡಗಿದೆ.

ರಿಸೀವರಿನಿಂದ ಚನ್ನಯ್ಯನವರ ದೊಡ್ಡ ದನಿ ನನಗೂ ಅರ್ಧಂಬರ್ಧ ಕೇಳುತ್ತಿತ್ತು.

"ನಮಸ್ಕಾರ್ರೀ ಅಕ್ಕಾರ. ಪ್ರಿಂಟ್ ಬರಾಕತ್ತೈತೇನ್ರಿ?"

"ಇಲ್ಲ, ಬೆಳಿಗ್ಗೆಯಿಂದ ಬರೀ ದೀಪ ಬರ್ತಾ ಇದೆ."

"ಯಾರ ಖಾತೇದಾಗಿಂದ ಕೊಟ್ಟಾರ್ರಿ?"

"ನನ್ನ ಖಾತೆಯಿಂದ."

"ಹಂಗಾರ ಖಾತೇದಾಗs ಏನೋ ಗಡಿಬಿಡಿ ಐತಿ. ಆ ಖಾತೆ ತಗದು ಹೊಸಾದು ಮಾಡೂನು, ಐದು ಮಿನಿಟಿನ ಕೆಲಸ. ಅದರಾಗಿನ ಫೈಲ್ ಎಲ್ಲಾ ಬಾಜೂಕ ತಗದಿಟ್ಟಾರೇನು ಕೇಳ್ರಿ ಸರ್‌ಗೆ."

ಅಷ್ಟರಲ್ಲಿ ಅಡಿಗೆಮನೆಯಿಂದ ಹಾಲು ಉಕ್ಕುವ ವಾಸನೆ ಬಂತು. ವೇದಾ ರಿಸೀವರನ್ನು ಹೊಸ್ತಿಲ ಮೇಲೆ ಹಾಗೆಯೇ ಇಟ್ಟು ಓಡಿದಳು. ಓಡುತ್ತಲೇ ಕೂಗಿದಳು: "ಫೈಲ್ ಎಲ್ಲ ಬೇರೆ ಕಡೆ ತೆಗೆದು ಇಟ್ಟಿದ್ರಾ ಹೇಳಿ ಕೇಳ್ತಾ ಇದ್ರು!"

ನಾನು ಅವಳಿಗೆ ಕೇಳಲೆಂದು ಗಂಟಲು ಹರಿಯುವಂತೆ ಕೂಗಿದೆ:

"ಇಲ್ಲೆ!"

ಕೂಗಿ, ಎದ್ದು ಹೋಗಿ, ಹೊಸ್ತಿಲಲ್ಲಿ ಕುಕ್ಕರಗಾಲಲ್ಲಿ ಕೂತು ರಿಸೀವರ್ ಎತ್ತಿದೆ. "ಚನ್ನಯ್ಯನವರೇ, ಕೇಳಿಸಿತಾ?"

"ಕೇಳಿಸ್ತ್ರಿ ಸರ, ಚಲೋ ಆತು. ಹಂಗಾರ ಚಿಂತೀನs ಇಲ್ಲ. ಬರಕೊಳ್ರಿ." ಒಂದೊಂದೇ ಅಕ್ಷರ ಬಿಡಿಸಿ ಹೇಳಿದರು. ಯೂಸರ್‌ಡೆಲ್, ಒಂದು ಜಾಗ, ಅಡ್ಡಗೆರೆ, ಆರ್, ಮತ್ತೊಂದು ಜಾಗ, ವೇದಾ.

ಬರೆದುಕೊಂಡೆ. ಬರೆದದ್ದರಲ್ಲಿ 'ಡೆಲ್', ಅಂದರೆ ಡಿಲೀಟ್, ಎಂಬುದನ್ನು ನೋಡಿ ಎಂಥ ದಡ್ಡನಿಗೂ ಒಂದು ಅನುಮಾನ ಬರಬೇಕಿತ್ತು. ನನಗೂ ಬಂತು, ಸುಳ್ಳು ಹೇಳುವುದಿಲ್ಲ! ಪ್ರತಿ ಇಲ್ಲ ಎಂದು ಹೇಳಿದ ಮೇಲೂ ಇವರು ಚಿಂತೆಯಿಲ್ಲ ಎನ್ನುತ್ತಿದ್ದಾರಲ್ಲ, ಇದು ಏನನ್ನು ಅಳಿಸುತ್ತದೆ ಎಂದು ಕೇಳಲು ಬಾಯಿ ತೆರೆದೆ. ಆದರೆ ಕೇಳಿದರೆ ನನಗೆ ಗೊತ್ತಿಲ್ಲ ಎಂದು ಗೊತ್ತಾಗುತ್ತದಲ್ಲ! ತರಬೇತಿಯಲ್ಲಿ ಎಲ್ಲದಕ್ಕೂ ಮೊದಲು ಕೈ ಎತ್ತುತ್ತಿದ್ದ ಶಿರಸಿಯ ಮಾಸ್ತರ ಇಷ್ಟೂ ತಿಳಿಯದವನೇ ಅನ್ನಿಸಿಕೊಳ್ಳುವುದೇ? ತೆರೆದ ಬಾಯಿಂದ "ಹೂಂ, ಹೂಂ, ಇದು ಗೊತ್ತಿದ್ದದ್ದೇ" ಎಂದೆ. ಆ ಒಂದು ಪ್ರಶ್ನೆ ಕೇಳಿದ್ದರೆ! ಹತ್ತೊಂಬತ್ತು ವರ್ಷ ಮಕ್ಕಳಿಗೆ "ಗೊತ್ತಿಲ್ಲದಿದ್ದರೆ ಕೇಳಿ, ನಾಚಿಕೆ ಬೇಡ" ಎಂದು ಹೇಳಿಕೊಂಡು ಬಂದವನು ನಾನು.

ಕಂಪ್ಯೂಟರಿಗೆ ಹೋಗಿ ಟೈಪು ಮಾಡಿ ಎಂಟರ್ ಒತ್ತಿದೆ. ಪರದೆ ತುಟಿ ಪಿಟಕ್ಕೆನ್ನಲಿಲ್ಲ. ಮತ್ತೆ ಹೊಸ್ತಿಲಿಗೆ ಬಂದೆ.

"ಏನೂ ಹೇಳ್ತಾ ಇಲ್ಲವಲ್ಲ?"

"ಏನೂ ಹೇಳಲಿಲ್ಲಂದ್ರ ಕೆಲಸ ಆತು ಅಂತ ಅರ್ಥರೀ. ಲಿನಕ್ಸ್ ಹಂಗs. ತಪ್ಪಿದ್ರಷ್ಟs ಮಾತಾಡತೈತಿ."

ನನ್ನದು ಸರಿಯಾಗಿ ತಿರುಗುಮುರುಗು ಸ್ವಭಾವ.

ಹೊಸ ವೇದಾಳನ್ನು ಸೃಷ್ಟಿ ಮಾಡಿದ್ದಾಯಿತು. ಆಗಲೂ ಪ್ರಿಂಟ್ ಬರಲಿಲ್ಲ! "ಪರದಿ ಮ್ಯಾಲೆ ಪ್ರಿಂಟರಿನ ಪುಟ ತಗದು ನೋಡ್ರಿ, ಕೆಳಗ ಏನರೆ ಬರದೈತೇನು?" ಎಂದರು ಚನ್ನಯ್ಯ. ನೋಡಿದೆ. ಕೆಳಗೆ ಒಂದು ಸಣ್ಣ ಚೌಕ, ಅದರಲ್ಲಿ ಒಂದು ಟಿಕ್ಕು. ಪಕ್ಕದಲ್ಲಿ, ಈ ಪ್ರಿಂಟರನ್ನು ತಾತ್ಕಾಲಿಕವಾಗಿ ನಿಲ್ಲಿಸಲಾಗಿದೆ ಎಂಬ ಅರ್ಥದ ಇಂಗ್ಲಿಷು. ಬೆಳಿಗ್ಗೆ ಗುಂಡಿಗಳನ್ನೆಲ್ಲ ಒತ್ತುತ್ತ ನಾನೇ ನಿಲ್ಲಿಸಿದ್ದೆನೋ, ಮೊದಲೇ ಹಾಗಿತ್ತೋ, ಆ ದೇವರಿಗೇ ಗೊತ್ತು.

"ಅಯ್ಯ, ಇದs ಇತ್ತನ್ರಿ! ಆ ಟಿಕ್ ತಗೀರಿ."

ತೆಗೆದೆ. ಪ್ರಿಂಟರು ಒಮ್ಮೆ ಕೆಮ್ಮಿತು, ಗಂಟಲು ಸರಿ ಮಾಡಿಕೊಂಡಿತು, ಕಿರ್ರ್ ಎಂದು ಹಾಳೆ ಎಳೆದುಕೊಂಡಿತು. ಬೆಳಿಗ್ಗೆ ಏಳು ಸಲ ಒತ್ತಿದ್ದೆಲ್ಲ ಸರದಿಯಲ್ಲಿ ಕಾದು ಕೂತಿತ್ತು. ಒಂದರ ಹಿಂದೆ ಒಂದು, ಏಳು ಹಾಳೆ! ಮುತ್ತಿನಂಥ ಕನ್ನಡ! ಒಂದು ಒತ್ತಕ್ಷರವೂ ಬಿದ್ದಿರಲಿಲ್ಲ. ನಾನು ಕೋಣೆಯಲ್ಲಿ ಒಂದು ಸುತ್ತು ಕುಣಿದೇಬಿಟ್ಟೆ. ಚನ್ನಯ್ಯನವರಿಗೆ ಧನ್ಯವಾದ ಹೇಳಿ ಫೋನಿಟ್ಟು, "ವೇದಾ! ಬಾ ಇಲ್ಲಿ! ನಿನ್ನ ಗಂಡ ಎಂಥವ ಹೇಳಿ ನೋಡು!" ಎಂದು ಕೂಗಿದೆ.

ಅವಳು ಸೆರಗಿಗೆ ಕೈ ಒರೆಸಿಕೊಳ್ಳುತ್ತ ಬಂದಳು. ಹಾಳೆ ನೋಡಿ ಮುಖ ಅರಳಿತು. ಆ ಮುಖ ನನಗೆ ಇವತ್ತಿಗೂ ಕಣ್ಣಿಗೆ ಕಟ್ಟಿದಂತಿದೆ. "ಹಂಗಾರೆ ಎಲ್ಲ ಪುಟನೂ ತೆಗೆದುಬಿಡನ" ಎಂದು ತಾನೇ ಕುರ್ಚಿಯಲ್ಲಿ ಕೂತು ತನ್ನ ಖಾತೆ ತೆರೆದಳು.

ತೆರೆದದ್ದು ಹೊಸ ಖಾತೆ. ಒಳಗೆ ಒಂದು ಫೈಲೂ ಇಲ್ಲ.

"ತಂಬುಳಿ ಎಲ್ಲಿದ್ದು?" ಎಂದಳು.

ನಾನು ಹುಡುಕಿದೆ. ಅಲ್ಲಿ ಹುಡುಕಿದೆ, ಇಲ್ಲಿ ಹುಡುಕಿದೆ, ಕಸದ ಬುಟ್ಟಿಯ ಚಿತ್ರದೊಳಗೆ ಹುಡುಕಿದೆ. ಹೊರಗಿನ ಕೋಣೆಗೆ ಓಡಿ ಮತ್ತೆ ಹಾವೇರಿಗೆ ಫೋನು ಮಾಡಿದೆ.

"ಅಲ್ರೀ ಸರ," ಎಂದರು ಚನ್ನಯ್ಯ, "ಬಾಜೂಕ ತಗದಿಟ್ಟೀರೇನು ಅಂತ ನಾ ಕೇಳಿದೆ. ನೀವs ಒದರಿದ್ರೆಲ್ಲ, 'ಇಲ್ಲೇ' ಅಂತ! ಇಲ್ಲೇ ಅದಾವು, ಕೈಯಾಗs ಅದಾವು ಅಂತ ತಿಳಕೊಂಡೆ ನಾ. ಅದಕ್ಕs ಚಲೋ ಆತು ಅಂದೆ."

ಇಲ್ಲೆ! ನಮ್ಮ ಮನೆ ಮಾತಿನಲ್ಲಿ ಇಲ್ಲೆ ಎಂದರೆ ಇಲ್ಲ. ಹಾವೇರಿಯ ಕಿವಿಗೆ ಅದು ಇಲ್ಲೇ, ಇಲ್ಲಿಯೇ ಇದೆ! ನಾನು ಒಂದೂ ಇಲ್ಲ ಎಂದು ಕೂಗಿದ್ದು ಅವರಿಗೆ ಎಲ್ಲ ಇದೆ ಎಂದು ಕೇಳಿಸಿತ್ತು. ಶಿರಸಿಗೂ ಹಾವೇರಿಗೂ ನಡುವೆ ಎರಡು ತಾಸಿನ ದಾರಿ. ಅಷ್ಟರಲ್ಲಿ ನನ್ನ ಮಾತಿಗೆ ಒಂದು ಮಾತ್ರೆಯ ಬಾಲ ಬೆಳೆದು ಅರ್ಥವೇ ತಲೆಕೆಳಗಾಗಿತ್ತು.

"ಮರಳಿ ತರಾಕ ಬರೂದಿಲ್ಲೇನು?" ಎಂದು ನಾನು ಅವರ ಮಾತಿನಲ್ಲೇ ಕೇಳಿದೆ. ಆಗಲಾದರೂ ಅರ್ಥವಾಗಲಿ ಎಂದು!

"ಇಲ್ಲರೀ ಸರ," ಎಂದರು ಅವರು. ಇದು ಇಬ್ಬರಿಗೂ ಅರ್ಥವಾಯಿತು.

ವೇದಾ ಕೂಗಾಡಲಿಲ್ಲ. ಕೂಗಾಡಿದ್ದರೆ ನಾನು ಬದುಕುತ್ತಿದ್ದೆ. "ಚೀಟಿ..." ಎಂದು ಎದ್ದವಳು ಬಚ್ಚಲ ಕಡೆಗೆ ಎರಡು ಹೆಜ್ಜೆ ಇಟ್ಟು ನಿಂತಳು. ಚೀಟಿಯೂ ಇಲ್ಲವೆಂಬುದು ಆಗ ನೆನಪಾಗಿರಬೇಕು. ತಿರುಗಿ ಬಂದು ಪ್ರಿಂಟರಿನ ಬಾಯಿಂದ ಒಂದು ಹಾಳೆ ಎತ್ತಿಕೊಂಡಳು. ನೂರಾ ಎಂಟು ತಂಬುಳಿಯಲ್ಲಿ ಉಳಿದದ್ದು ಆ ಒಂದೇ ಪುಟ, ಅದೂ ಏಳು ಪ್ರತಿ. ಅದರಲ್ಲಿ ತಂಬುಳಿಯೇ ಇರಲಿಲ್ಲ. ಗೌರಕ್ಕನ ಹೆಸರಿನ ಕೆಳಗೆ ಇದ್ದದ್ದು, ವೇದಾ ಬೇಡ ಬೇಡವೆಂದರೂ ಕೇಳದೆ ನಾನು ಬರೆದು ತುರುಕಿದ್ದ ಮುನ್ನುಡಿ. ಅದರ ಕೊನೆಯ ಸಾಲನ್ನು ಅವಳು ಮೆಲ್ಲಗೆ ಓದಿದಳು:

"'ಗೌರಕ್ಕನವರ ಈ ಪುಸ್ತಕ ಇಂದು ಯಾವ ಸ್ಥಿತಿಯಲ್ಲಿದೆಯೋ ಅದಕ್ಕೆ ಸಂಪೂರ್ಣ ಕಾರಣ ನಾನೇ ಎಂದರೆ ಅತಿಶಯೋಕ್ತಿಯಾಗಲಾರದು.'"

ಓದಿ, ಹಾಳೆಯನ್ನು ಮಡಚಿ ನನ್ನ ಕೈಗೆ ಕೊಟ್ಟು ಒಳಗೆ ಹೋದಳು. ಆ ದಿನ ಮಧ್ಯಾಹ್ನ ಬಡಿಸಿದ ಊಟದಲ್ಲಿ ಉಪ್ಪು ಹುಳಿ ಎಲ್ಲ ಸರಿಯಾಗಿತ್ತು. ತಂಬುಳಿ ಮಾತ್ರ ಇರಲಿಲ್ಲ.

ಮರುದಿನ ಶಾಲೆಗೆ ರಜೆ ಹಾಕಿ ಇಬ್ಬರೂ ಸಿದ್ದಾಪುರದ ಬಸ್ಸು ಹತ್ತಿದೆವು. ದಾರಿಯುದ್ದಕ್ಕೂ ನಾನು ತಪ್ಪೊಪ್ಪಿಗೆಯ ಭಾಷಣ ತಯಾರಿಸಿದೆ. ಆರಂಭ, ಮಧ್ಯ, ಉಪಸಂಹಾರ ಎಲ್ಲ ಇತ್ತು. ಗೌರಕ್ಕ ಬಾಗಿಲಿಗೆ ಬಂದವರೇ, "ಎಂತದು, ಪುಸ್ತಕ ತಂದ್ರಾ?" ಎಂದು ಕೈ ಚಾಚಿದರು. ನಾನು ಭಾಷಣ ಶುರುಮಾಡಲು ಕೆಮ್ಮುವಷ್ಟರಲ್ಲಿ ವೇದಾ ಹೇಳಿಯೇಬಿಟ್ಟಳು:

"ದೊಡ್ಡಾಯಿ, ಎಲ್ಲ ಅಳಿಸಿಹೋತು. ಆನೇ ಗೊತ್ತಾಗದ್ದೆ ಅಳಿಸಿಬಿಟ್ಟೆ. ಮತ್ತೊಂದ್ಸಲ ಹೇಳ್ತ್ಯಾ?"

ನಾನು ದಂಗಾಗಿ ಅವಳನ್ನು ನೋಡಿದೆ. ಅವಳು ನನ್ನನ್ನು ನೋಡಲಿಲ್ಲ.

ಗೌರಕ್ಕ ಹತ್ತು ನಿಮಿಷ ಅವಳನ್ನು ತರಾಟೆಗೆ ತೆಗೆದುಕೊಂಡರು. "ಎಂಥಾ ಕೂಸೇ ನೀನು! ಮನೆಯಲ್ಲಿ ಗಂಡ ಅಷ್ಟು ಕಲ್ತವ ಇದ್ದ, ಅವನ ಹತ್ರ ಒಂದು ಮಾತು ಕೇಳಲೆ ಎಂತಾಗಿತ್ತು ನಿಂಗೆ?" ಕಡೆಗೆ ನನ್ನ ಕಡೆ ತಿರುಗಿ, ದನಿ ತಗ್ಗಿಸಿ, ಮರ್ಯಾದೆಯಿಂದ ಹೇಳಿದರು: "ಮಾಸ್ತರ್ರೇ, ಇನ್ನು ಮೇಲೆ ಆ ಡಬ್ಬಿ ಹತ್ರ ಈ ಕೂಸಿನ ಬಿಡಡಿ. ನಿಂಗವೇ ಮಾಡಿ."

ನಾನು ಹೇಳಬೇಕಿತ್ತು. ಆ ಕ್ಷಣದಲ್ಲಿಯೇ ಹೇಳಬೇಕಿತ್ತು. ಬಾಯಿಂದ ಬಂದದ್ದು ಒಂದೇ ಶಬ್ದ. "ಹೂಂ."

ಅಲ್ಲಿಂದ ನಾಲ್ಕು ದಿನ ನಾನು ಗೌರಕ್ಕನ ಅಡಿಗೆಮನೆಯ ಮಣೆಯ ಮೇಲೆ ಕೂತು ಬರೆದೆ. ಗೌರಕ್ಕ ಹೇಳುತ್ತಿದ್ದರು, ವೇದಾ ನಡುನಡುವೆ ನೆನಪು ಮಾಡುತ್ತಿದ್ದಳು. ಹತ್ತು, ಇಪ್ಪತ್ತು, ಮೂವತ್ತು ಸಲೀಸಾಗಿ ಬಂದವು. ನಲವತ್ತರ ಹೊತ್ತಿಗೆ ಗೌರಕ್ಕ ತಡವರಿಸತೊಡಗಿದರು. ನಲವತ್ತಮೂರಕ್ಕೆ ನಿಂತರು.

"ಮಳೆಗಾಲದ್ದು ಒಂದು ಇತ್ತಲ ದೊಡ್ಡಾಯಿ, ಬಾವಿಕಟ್ಟೆ ಹತ್ರ ಹುಟ್ಟದು?" ಎಂದಳು ವೇದಾ.

"ಇತ್ತು. ಅದಕ್ಕೆ ಎಂತ ಹಾಕದು ಹೇಳಿ ಈಗ ನೆಂಪಾಗ್ತಿಲ್ಲೆ." ಗೌರಕ್ಕ ಖಾಲಿ ಅಂಗೈಯನ್ನು ಮೂಗಿನ ಹತ್ತಿರ ಹಿಡಿದು ಮೂಸಿ ನೋಡಿದರು. "ಸೊಪ್ಪು ಕೈಯಲ್ಲಿ ಇದ್ರೆ ಬಾಯಿಗೆ ಬತ್ತು ಮಾಸ್ತರ್ರೇ. ಪುಷ್ಯದಲ್ಲಿ ಕೂತ್ಕಂಡು ಆಷಾಢದ ಸೊಪ್ಪು ಹೇಳು ಹೇಳಿದ್ರೆ ಹ್ಯಾಂಗೆ?"

ವೇದಾ ಎಂಟು ತಿಂಗಳು ಯಾಕೆ ಬಸ್ಸು ಹತ್ತಿದ್ದಳೆಂದು ನನಗೆ ಅರ್ಥವಾದದ್ದು ಆಗ. ಅವಳು ಗೌರಕ್ಕನ ಜೊತೆ ಬೇಲಿಯ ಬುಡದಲ್ಲಿ ನಿಂತು, ಕುಡಿ ಚಿವುಟಿ ಆಕೆಯ ಕೈಗಿಟ್ಟು, ಅದರ ವಾಸನೆಯಿಂದ ಬಂದ ಮಾತನ್ನು ಹಿಡಿದಿದ್ದಳು. ನಾನು ಅದನ್ನು ಒಂದು ಎಂಟರ್ ಗುಂಡಿಯಲ್ಲಿ ಕಳೆದೆ. ಮುಂದೆ ಎರಡು ಮಳೆಗಾಲ ಅವಳು ಮತ್ತೆ ಓಡಾಡಿದಳು. ಎಂಬತ್ತೊಂದು ಆದವು. ಉಳಿದ ಇಪ್ಪತ್ತೇಳು ಗೌರಕ್ಕನ ಜೊತೆಯಲ್ಲಿಯೇ ಹೋದವು. ಇದನ್ನು ಬರೆಯುವಾಗ ನಗೆ ಬರುವುದಿಲ್ಲ, ಓದುವವರು ಕ್ಷಮಿಸಬೇಕು.

ಆ ನಲವತ್ತಮೂರನ್ನು ನಾನು ದುಂಡಗೆ ಕೈಯಲ್ಲಿ ಬರೆದೆ. 'ಅಷ್ಟೋತ್ತರ' ಎಂಬುದು ಹೋಗಿ 'ಗೌರಕ್ಕನ ತಂಬುಳಿ' ಎಂದಾಯಿತು. ಮುನ್ನುಡಿ ಬರೆಯಲೇ ಎಂದು ನಾನು ಕೇಳಲಿಲ್ಲ. ಬರೆಯಿರಿ ಎಂದು ಯಾರೂ ಹೇಳಲೂ ಇಲ್ಲ. ಹೆಸರಾದರೂ ಅಚ್ಚಿನಲ್ಲಿರಲಿ ಎಂದು ಮೊದಲನೇ ಪುಟವೊಂದನ್ನು ಪ್ರಿಂಟರಿನಲ್ಲಿ ತೆಗೆದೆವು. ದರಿದ್ರದ್ದು, ಒಂದೇ ಸಲಕ್ಕೆ ಬಂತು!

ರವಿವಾರ ಯಲ್ಲಾಪುರದ ಸಭಾಭವನ ತುಂಬಿತ್ತು. ಗೌರಕ್ಕ ಪುಸ್ತಕವನ್ನು ಕಣ್ಣಿನ ಹತ್ತಿರ ಹಿಡಿದು ತಮ್ಮ ಹೆಸರನ್ನು ಒಂದೊಂದೇ ಅಕ್ಷರ ಮುಟ್ಟಿ ಓದಿದರು. "ಸರಿ ಇದ್ದು" ಎಂದರು. ವೇದಾ ಕಣ್ಣೊರೆಸಿಕೊಂಡಳು. ಅಲ್ಲಿಗೆ ಎಲ್ಲ ಮುಗಿದಿದ್ದರೆ ಒಳ್ಳೆಯದಿತ್ತು. ಆದರೆ ಮಂಡಳದ ಅಧ್ಯಕ್ಷೆ ಲಕ್ಷ್ಮೀ ಹೆಗಡೆಯವರು ಮೈಕು ಹಿಡಿದರು.

"ಈ ಪುಸ್ತಕದ ಹಿಂದೆ ಒಂದು ಕಥೆಯಿದೆ. ಪತ್ನಿಯ ಕೈತಪ್ಪಿನಿಂದ ಎಲ್ಲವೂ ಅಳಿಸಿಹೋದಾಗ ಎದೆಗುಂದದೆ, ಶಾಲೆಗೆ ರಜೆ ಹಾಕಿ, ನೆಲದ ಮೇಲೆ ಕೂತು, ಸ್ವಹಸ್ತದಿಂದ ಬರೆದು ಪುಸ್ತಕವನ್ನು ಉಳಿಸಿದ ಮಹನೀಯರು ನಮ್ಮ ನಡುವೆ ಇದ್ದಾರೆ. ಮಾಸ್ತರು ವೇದಿಕೆಗೆ ಬರಬೇಕು!"

ಗೌರಕ್ಕ ಊರಿಗೆಲ್ಲ ಹೇಳಿಬಿಟ್ಟಿದ್ದರು! ಇಬ್ಬರು ಬಂದು ನನ್ನನ್ನು ಎಬ್ಬಿಸಿ ಕರೆದೊಯ್ದರು. ಶಾಲು ಹೊದಿಸಿದರು. ತೆಂಗಿನಕಾಯಿ ಕೊಟ್ಟರು. ಆ ಶಾಲು ನನ್ನ ಮೈ ಸುಡುತ್ತಿತ್ತು. ಎದುರಿಗೆ ಮೂರನೇ ಸಾಲಿನಲ್ಲಿ ವೇದಾ ಕೂತಿದ್ದಳು. ಅಕ್ಕಪಕ್ಕದವರು ಅವಳನ್ನು ಒಂಥರಾ ಕನಿಕರದಿಂದ ನೋಡುತ್ತಿದ್ದರು. ಇನ್ನು ತಡೆಯಲಾಗಲಿಲ್ಲ. ಮೈಕು ಕಿತ್ತುಕೊಂಡೆ.

"ಅಳಿಸಿದ್ದು ವೇದಾ ಅಲ್ಲ. ನಾನು! ಪ್ರತಿ ಇಟ್ಟುಕೊಳ್ಳೋಣ ಎಂದಳು, ನಾನು ಬೇಡ ಎಂದೆ. ಚೀಟಿ ಸುಡಿಸಿದವನೂ ನಾನೇ. ತಪ್ಪೆಲ್ಲ ನನ್ನದು!"

ಹಿಂದಿನ ಸಾಲಿನಿಂದ ಯಾರೋ ಮರುಗುವ ದನಿಯಲ್ಲಿ ಹೇಳಿದ್ದು ಕೇಳಿಸಿತು: "ಪಾಪ, ಹೆಂಡತಿ ಮರ್ಯಾದೆ ಉಳಿಸಲೆ ಹ್ಯಾಂಗೆ ಎಲ್ಲ ಮೈಮೇಲೆ ಹಾಕ್ಯಳ್ತಾ ನೋಡೇ!"

ಚಪ್ಪಾಳೆ! ಛಾವಣಿ ಹಾರಿಹೋಗುವಂಥ ಚಪ್ಪಾಳೆ!

"ಅಲ್ಲ, ನಿಜವಾಗಿಯೂ ನಾನೇ!" ಎಂದೆ. ಚಪ್ಪಾಳೆ ಇಮ್ಮಡಿಯಾಯಿತು. ಅಧ್ಯಕ್ಷೆ ಕನ್ನಡಕ ತೆಗೆದು ಕಣ್ಣೊರೆಸಿಕೊಂಡರು. ಗೌರಕ್ಕ ಕುರ್ಚಿಯಿಂದಲೇ ಮೂರನೇ ಸಾಲಿಗೆ ಕೇಳುವಂತೆ ಕೂಗಿದರು: "ಕಂಡ್ಯನೇ ಕೂಸೇ? ಗಂಡ ಹೇಳಿದ್ರೆ ಹಿಂಗಿರವು!"

ವಾಪಸು ಬರುವ ಬಸ್ಸಿನಲ್ಲಿ ವೇದಾ ಕಿಟಕಿಯ ಕಡೆ ಕೂತಿದ್ದಳು. ನಾನು ಶಾಲನ್ನು ಮಡಚಿ ಚೀಲದ ತಳಕ್ಕೆ ತುರುಕಿ, ತೆಂಗಿನಕಾಯಿಯನ್ನು ತೊಡೆಯ ಮೇಲೆ ಇಟ್ಟುಕೊಂಡು ಅಪರಾಧಿಯ ಹಾಗೆ ಕೂತಿದ್ದೆ. ಬಸ್ಸು ಸೋಂದಾ ಕ್ರಾಸ್ ದಾಟಿತು.

"ಆನು ಇದ್ದದ್ದು ಇದ್ದಂಗೇ ಹೇಳಿದ್ದಲ್ದಾ," ಎಂದೆ ಕಡೆಗೆ. "ಒಬ್ರಾದ್ರೂ ಎಂತಕ್ಕೆ ನಂಬಿದ್ವಿಲ್ಲೆ?"

ವೇದಾ ತಿರುಗಿ ನನ್ನನ್ನು ನೋಡಿದಳು. ಒಂದು ವಾರದಲ್ಲಿ ಮೊದಲ ಸಲ ಸರಿಯಾಗಿ ನೋಡಿದ್ದು.

"ಮದ್ವೆ ಆಗಿ ಹದಿನಾಲ್ಕು ವರ್ಷ ಆತು. ನಿಂಗ ತಪ್ಪು ಒಪ್ಪಿಕಂಡಿದ್ದು ಇವತ್ತೇ ಮೊದಲು. ಎದುರಿಗೆ ಕೂತು ಕೇಳಿದ ನಂಗೇ ನಂಬಲೆ ಆತಿಲ್ಲೆ, ಊರವರು ಹ್ಯಾಂಗೆ ನಂಬವು?"

ಅದಕ್ಕೇ ಈಗ ಎಲ್ಲವನ್ನೂ ಸಹಿ ಹಾಕಿ ಬರೆದು ಕೊಡುತ್ತಿದ್ದೇನೆ. ಅಳಿಸಿದವನು ನಾನು. ನೀವಾದರೂ ನಂಬಿ.